ಆಪಾ ಓದ್ಯಾಳ

ಹಳೇ ಹುಬ್ಬಳ್ಳಿ
11 ಸೆಪ್ಟೆಂಬರ್ 2024

ಅರಫಾತ,

ಅಸ್ಸಲಾಮು ಅಲೈಕುಮ್.

ನಿನ್ನೆ ಮಧ್ಯಾಹ್ನ ಎಂಟನೇತ್ತಾ ಹುಡುಗ್ಯಾರಿಗೆ ಪಾಠಾ ಮಾಡಾಕತ್ತಿದ್ದೆ. ದಿಲ್ಲಿಯಿಂದ ರೆಡ್‌ಕ್ರಾಸ್‌ನವರ ಫೋನ್ ಬಂತು. ‘ಅರಫಾತ ನದಾಫ ನಿಮಗ ಏನಾಗಬೇಕು?’ ಅಂತ ಕೇಳಿದ್ರು. ‘ತಮ್ಮ’ ಅಂದೆ. ‘ಯುದ್ಧಕೈದಿಗಳ ಶಿಬಿರದಾಗ ಅದಾನ. ಜೀವಂತ ಅದಾನ. ಅವನ ಕೈಲೆ ಬರದ ಚೀಟಿ ಬಂದೈತಿ’ ಅಂದ್ರು. ನಾ ಬೋರ್ಡಿನ ಕಡೆ ತಿರುಗಿ ಅರ್ಧಾ ಬರದಿದ್ದ ವಾಕ್ಯ ಪೂರಾ ಬರದೆ. ಆಮ್ಯಾಲ ಹುಡುಗ್ಯಾರ ಮುಂದನ ನೆಲಕ್ಕ ಕುಂತಬಿಟ್ಟೆ.

ಚೀಟಿ ಫೋಟೋ ನನ್ನ ಫೋನಿಗೆ ಬಂತು. ‘ನಾ ಆರಾಮ ಅದೇನಿ. ಗೌಸ್ ಭಾಯೀನೂ ಇಲ್ಲೇ ಅದಾರ. ಚಿಂತಿ ಮಾಡಬ್ಯಾಡ್ರಿ.’ ಇಷ್ಟ. ಅಮ್ಮಾಗ ಓದಾಕ ಬರದಿದ್ರೂ ತಾಸಿಗೊಮ್ಮೆ ‘ತೋರ್ಸು’ ಅಂತಾಳ. ತೋರಿಸಿದ್ರ ಫೋನ್ ಕೈಯಾಗ ಹಿಡಕೊಂಡು ಕುಂದರ್ತಾಳ. ನಿನಗ ಹದಿನಾಲ್ಕು ವರ್ಷ ಇದ್ದಾಗಿಂದ ಕೆಲಸಾ ಕಲಿಸಿದ ಉಸ್ತಾದ ನಿನ್ನ ಜೋಡಿ ಅದಾರಂತ ತಿಳದು ನನಗ ಅರ್ಧಾ ಜೀವಾ ಬಂತು.

ಪತ್ರ ಬರೀಬಹುದು, ಆದ್ರ ಲಕೋಟಿ ಅಂಟಸಬಾರ್ದಂತ. ಇಲ್ಲಿಂದ ಅಲ್ಲೀತನಕಾ ಬ್ಯಾರೆಬ್ಯಾರೆಯವರು ಓದೇ ಮುಂದ ಕಳಸ್ತಾರಂತ. ಯುದ್ಧದ ಮಾತು ಬ್ಯಾಡ, ದೇಶದ ಹೆಸರು ಬ್ಯಾಡ, ಬರೇ ಮನಿ ಸುದ್ದಿ ಬರೀರಿ ಅಂದಾರ. ಕನ್ನಡ ಓದಾವರು ಸಿಗೂತನಕಾ ತಡಾ ಆಗ್ತೈತಂತ. ಆಗಲಿ. ಇಬ್ಬರೂ ಕನ್ನಡ ಸಾಲ್ಯಾಗನ ಕಲ್ತೇವಿ, ಮತ್ಯಾವ ಭಾಷಾದಾಗ ಬರೀಲಿ?

ಮನಿ ಸುದ್ದಿ ಅಂದ್ರ ಇದು. ಅಮ್ಮಾನ ಮೊಳಕಾಲ ಬ್ಯಾನಿ ಇದ್ದಾಂಗ ಐತಿ. ನಿಮ್ಮ ಗ್ಯಾರೇಜಿನ ಜಾಗಾದಾಗ ಈಗ ಒಬ್ಬಾಂವ ಎಳನೀರು ಮಾರ್ತಾನ. ಬಾಗಲಾ ತಗದಾಗೆಲ್ಲಾ ಇನ್ನೂ ಡೀಸೆಲ್ ವಾಸನಿ ಬರ್ತೈತಿ ಅಂತಾನ.

ಫೆಬ್ರವರಿ ಹನ್ನೆರಡಕ್ಕ ನೀ ಕಡೀ ಸಲ ಫೋನ್ ಮಾಡಿದ್ದಿ. ‘ಆಪಾ, ಇಲ್ಲೆ ಏಜೆಂಟ ಹೇಳಿದ ಗ್ಯಾರೇಜೂ ಇಲ್ಲ, ಗೋದಾಮೂ ಇಲ್ಲ. ನನಗೂ ಗೌಸ್ ಭಾಯಿಗೂ ಬಂದೂಕ ಕೊಟ್ಟಾರ. ನೀ ಓದಿದ ಕೆಲಸದ ಕಾಗದದಾಗ ಹಿಂಗಂತ ಬರದಿತ್ತೇನು?’ ಅಂತ ಕೇಳಿದಿ. ನಾ ಏನರ ಹೇಳೂದರಾಗ ಫೋನ್ ಕಟ್ ಆತು.

ಏಳು ತಿಂಗಳಿಂದ ಆ ಉತ್ತರ ನನ್ನ ಬಾಯಾಗ ಐತಿ. ಇವತ್ತೂ ಬರಿಯಾಕ ಆಗವಲ್ದು.

ನಿನ್ನ ಆಪಾ,
ಉಜ್ಮಾ

•

27 ಅಕ್ಟೋಬರ್ 2024

ಆಪಾ,

ನಿನ್ನ ಪತ್ರ ಮುಟ್ಟಿತು. ಒಂದ ಹಾಳಿ ಕೊಟ್ಟಾರ, ಅದಕ್ಕ ಸಣ್ಣ ಅಕ್ಷರದಾಗ ಬರದೇನಿ.

ನನಗ ಕೆಲಸಾ ಐತಿ. ಟ್ರ್ಯಾಕ್ಟರ್, ಜನರೇಟರ್ ರಿಪೇರಿ. ಮ್ಯಾಲ ತಗಡಿನ ಛತ್ತು, ಒಳಗ ಒಲಿ ಐತಿ. ಊಟಾ ಕೊಡ್ತಾರ. ಇಲ್ಲೆ ಈಗ ಥಂಡಿ ಚಾಲೂ ಆಗೇತಿ.

ಗೌಸ್ ಭಾಯಿಗೆ ಬ್ಯಾರೆ ಕೆಲಸಾ ಐತಿ.

ಒಂದು ಕೆಲಸಾ ಮಾಡು. ಹೆಬ್ಬಳ್ಳಿಗೆ ಹೋಗಿ ಗೌಸ್ ಭಾಯಿ ಮನಿ ನೋಡ್ಕೊಂಡು ಬಾ. ರಾಜಬಿ ಭಾಭಿ, ಗುಲ್ನಾಜ ಹೆಂಗ ಅದಾರ ನೋಡು. ಏನೂ ಹೇಳಬ್ಯಾಡ. ನೋಡಿ ಬಾ, ಸಾಕು.

ಕಾಗದದ ಮಾತು ಬಿಡು. ನೀ ಓದೇ ಹೇಳಿದ್ದಿ. ಅವರ ಮೋಸಾ ಮಾಡ್ಯಾರ.

ಅಮ್ಮಾಗ ಸಲಾಮು.

ಅರಫಾತ

•

ಹಳೇ ಹುಬ್ಬಳ್ಳಿ
15 ಡಿಸೆಂಬರ್ 2024

ಅರಫಾತ,

ಹೋದ ಐತವಾರ ಹೆಬ್ಬಳ್ಳಿಗೆ ಹೋಗಿದ್ದೆ. ಧಾರವಾಡದಾಗ ಬಸ್ಸು ಬದಲ ಮಾಡಿ ಹನ್ನೊಂದಕ್ಕ ಮುಟ್ಟಿದೆ. ರಾಜಬಿ ಭಾಭಿ ಅಂಗಳದಾಗ ಕುಂತು ಯಾರದೋ ಕೌದಿ ಹೊಲಿಯಾಕತ್ತಿದ್ರು. ನಾ ಯಾರಂತ ಹೇಳೂತಲೇ ಸೂಜಿ ಅಲ್ಲೇ ಚುಚ್ಚಿಟ್ಟು ಎದ್ದು ನಿಂತ್ರು.

‘ಟೀಚರ್ರ, ಬರ್ರಿ ಒಳಗ. ನಿಮ್ಮ ಹೆಸರು ಈ ಮನ್ಯಾಗ ಭಾಳ ಸಲ ಕೇಳೇವಿ’ ಅಂದ್ರು.

ಗುಲ್ನಾಜ ಈಗ ಮೂರನೇತ್ತಾ. ಇಂಗ್ಲಿಷ್ ಪುಸ್ತಕ ತಂದು ನನ್ನ ಮುಂದ ಓದಿ ತೋರಿಸಿದ್ಲು. ಭಾಭಿ ಚಾ ಮಾಡಿದ್ರು. ಹೊಲದ ಕೆಲಸಕ್ಕೂ ಹೋಗ್ತಾರಂತ, ಕೌದೀನೂ ಹೊಲೀತಾರಂತ. ಅವರಿಗೆ ಇಲ್ಲೀತನಕಾ ಒಂದು ಚೀಟೀನೂ ಬಂದಿಲ್ಲ. ನಿನ್ನ ಚೀಟ್ಯಾಗ ಗೌಸ್ ಭಾಯಿ ಹೆಸರು ಓದಿ ತೋರಿಸಿದಾಗ ಹೊಳ್ಳಿಹೊಳ್ಳಿ ಓದಿಸಿದ್ರು.

ಆಮ್ಯಾಲ ಅವರ ಒಂದು ಮಾತು ಹೇಳಿದ್ರು. ಅದನ್ನ ನಿನಗ ಬರೀದ ಇರಾಕ ಆಗಾಂಗಿಲ್ಲ.

‘ಇವರಿಗೆ ಹೋಗೂ ಮನಸ್ಸ ಇರ್ಲಿಲ್ರಿ ಟೀಚರ್ರ. ಹೊಸಾ ಗಾಡಿ ಎಲ್ಲಾ ಕಂಪನಿ ಸರ್ವಿಸಿಗೆ ಹೋಗ್ತಾವು, ಗ್ಯಾರೇಜಿನ್ಯಾಗ ಕೆಲಸಾ ಕಮ್ಮಿ ಆಗೇತಿ, ಖರೇ. ಆದ್ರ ಓದಾಕ ಬರಲಾರದ ಕಾಗದಕ್ಕ ಸಹಿ ಮಾಡಾಂಗಿಲ್ಲ ಅಂತ ಕುಂತಿದ್ರು. ನಿಮ್ಮ ತಮ್ಮ ಬಂದ. ಇಲ್ಲೇ, ನೀವ ಕುಂತೀರಲ್ಲ ಅಲ್ಲೇ ಕುಂತ. ಉಸ್ತಾದ, ಹೆದರಬ್ಯಾಡ್ರಿ, ಆಪಾ ಓದ್ಯಾಳ ಅಂದ. ಎಂ.ಎ. ಮಾಡ್ಯಾಳ, ಇಂಗ್ಲಿಷ್ ಕಲಸ್ತಾಳ, ಪೂರಾ ಓದಿ ಬರೋಬ್ಬರಿ ಐತಿ ಅಂದಾಳ ಅಂದ. ಆವಾಗ ಇವರು ಸಹಿ ಮಾಡಿದ್ರು.’

ಇಷ್ಟ ಹೇಳಿ ಭಾಭಿ ನನ್ನ ಮಾರಿ ನೋಡಿದ್ರು. ಸಿಟ್ಟಿನ್ಯಾಗ ಅಲ್ಲ. ‘ನೀವಾದ್ರೂ ಏನ ಮಾಡ್ತೀರಿ, ಓದಿದಾವರಿಗೂ ಮೋಸಾ ಮಾಡೂ ಮಂದಿ ಅದಾರ’ ಅಂದ್ರು.

ನಾ ಚಾ ಕುಡದೆ. ಬಸ್ಸಿನ ಹೊತ್ತಾತು ಅಂತ ಎದ್ದು ಬಂದೆ.

ಗೌಸ್ ಭಾಯಿ ಯಾಕ ಬರಿಯವಲ್ರು ಅಂತ ಕೇಳ್ಯಾರ. ಕೈ ನೋಯ್ತಿದ್ರ ಅವರು ಹೇಳಲಿ, ನೀ ಬರದು ಕಳಿಸು. ಎರಡ ಸಾಲು ಸಾಕಂತ.

ಉಜ್ಮಾ

•

20 ಫೆಬ್ರವರಿ 2025

ಆಪಾ,

ಪತ್ರ ತಡಾ ಆಗಿ ಮುಟ್ಟಿತು. ನಾ ಆರಾಮ ಅದೇನಿ. ಬರ್ಫ ಭಾಳ ಐತಿ.

ಗೌಸ್ ಭಾಯಿ ಇರೂ ಕಟ್ಟಡಾ ಬ್ಯಾರೆ. ಭೆಟ್ಟಿ ಆಗಾಂಗಿಲ್ಲ. ಅದಕ್ಕ ಬರಸ್ಕೊಳ್ಳಾಕ ಆಗಿಲ್ಲ ಅಂತ ಭಾಭಿಗೆ ಹೇಳು.

ಇನ್ನ ಹೆಬ್ಬಳ್ಳಿಗೆ ಹೋಗಬ್ಯಾಡ. ಸಾಕು.

ರಂಜಾನ್ ಬಂತಲ್ಲ. ಅಮ್ಮಾ ಈ ವರ್ಷ ರೋಜಾ ಎಲ್ಲಾ ಹಿಡಿಯೂದು ಬ್ಯಾಡ, ಮೊಳಕಾಲಿಗೆ ಗುಳಿಗಿ ತಗೊಳ್ಳೂದ ಇರ್ತೈತಿ.

ಅರಫಾತ

•

ಹಳೇ ಹುಬ್ಬಳ್ಳಿ
6 ಏಪ್ರಿಲ್ 2025

ಅರಫಾತ,

ಈದ್ ಆಗಿ ಆರು ದಿನ ಆತು. ಅಮ್ಮಾ ರೋಜಾ ಒಂದೂ ಬಿಡಲಿಲ್ಲ. ‘ಅವಾ ಏನ ಉಂಡಾನೋ ಏನೋ’ ಅಂತ ನನ್ನ ಬಾಯಿ ಮುಚ್ಚಿಸ್ತಿದ್ಲು.

ನೀ ಹೆಬ್ಬಳ್ಳಿಗೆ ಹೋಗಬ್ಯಾಡ ಅಂದಿ. ನಾ ಹೋಗಿಲ್ಲ. ನೀ ಹೇಳಿದ್ದಕ್ಕಲ್ಲ, ನನಗ ಆ ಅಂಗಳದಾಗ ಮತ್ತ ಕುಂದರೂ ಧೈರ್ಯ ಇಲ್ಲ.

ಇದು ಮನಿ ಸುದ್ದೀನ. ಯಾರ ಓದಿದ್ರೂ ಓದಲಿ.

ನಾ ಆ ಕಾಗದ ಓದಿರ್ಲಿಲ್ಲ.

ಅವತ್ತು ಮಧ್ಯಾಹ್ನ ನೀ ಗ್ಯಾರೇಜಿನಿಂದ ಬಂದಿ. ಕೈಗೆ ಗ್ರೀಸ್ ಹತ್ತಿತ್ತು, ಕಾಗದಕ್ಕ ಕಲೆ ಆಗಬಾರ್ದಂತ ಪ್ಲಾಸ್ಟಿಕ್ ಚೀಲದಾಗ ಹಾಕ್ಕೊಂಡು ಬಂದಿದ್ದಿ. ಒಂಬತ್ತು ಹಾಳಿ ಇತ್ತು. ಅರ್ಧಾ ಆ ದೇಶದ ಭಾಷಾ, ಅರ್ಧಾ ಇಂಗ್ಲಿಷ್. ನೀ ಬಚ್ಚಲಕ್ಕ ಹೋಗಿ ಕೈ ತೊಳ್ಕೊಂಡು ಬರೂದರಾಗ ನಾ ಮೊದಲನೇ ಹಾಳಿ ನೋಡಿದೆ. ನಾಕು ಸಾಲು ಓದಿದೆ. ತಿಳೀಲಿಲ್ಲ. ಐದನೇ ಸಾಲಿನ್ಯಾಗ ಮೂರು ಶಬ್ದ ನಾ ಹುಟ್ಟಾ ಕೇಳಿದ್ದಿಲ್ಲ. ಸಾಲ್ಯಾಗ ಕಲಸೂ ಇಂಗ್ಲಿಷ್ ಬ್ಯಾರೆ, ವಕೀಲರ ಇಂಗ್ಲಿಷ್ ಬ್ಯಾರೆ. ಹಾಳಿ ಹೊಳ್ಳಿಸಿದೆ. ಮತ್ತೂ ತಿಳೀಲಿಲ್ಲ.

ನಮ್ಮ ಓಣ್ಯಾಗ ಗ್ಯಾಸಿನ ಕಾಗದ ಬಂದ್ರೂ, ದವಾಖಾನಿ ಚೀಟಿ ಬಂದ್ರೂ ‘ಉಜ್ಮಾ ಟೀಚರ್ ಕಡೆ ಒಯ್ಯಿ’ ಅಂತಾರ. ಅಬ್ಬಾ ಗಾದಿ ಹೊಲದು ಹೊಲದು ನನ್ನ ಕಲಿಸಿದ್ರು. ನೀ ಸಾಲಿ ಬಿಟ್ಟು ಗ್ಯಾರೇಜಿಗೆ ಹೋದಿ, ನಾ ಕಾಲೇಜಿಗೆ ಹೋದೆ. ನಿನ್ನ ಮುಂದ ‘ನನಗ ತಿಳೀಲಿಲ್ಲ’ ಅಂತ ಹೆಂಗ ಹೇಳಬೇಕಿತ್ತು? ನೀ ಕೈ ಒರಸ್ಕೋತ ಬಂದು ‘ಏನ ಬರದೈತಿ ಆಪಾ?’ ಅಂದಿ. ‘ಎಲ್ಲಾ ಬರೋಬ್ಬರಿ ಐತಿ, ಸಹಿ ಮಾಡು’ ಅಂದೆ. ಮತ್ತ ಕನ್ನಡಕಾ ಹಾಕ್ಕೊಂಡು ಪರೀಕ್ಷಾ ಪೇಪರ್ ತಿದ್ದಾಕ ಕುಂತೆ.

ನಿನ್ನ ಕಡೀ ಫೋನ್ ಬಂದ ಮರುದಿನ ನೀ ಬಿಟ್ಟುಹೋಗಿದ್ದ ಕಾಗದದ ಝೆರಾಕ್ಸ್ ತಗೊಂಡು ದೇಶಪಾಂಡೆ ನಗರಕ್ಕ ಸುಲಭಾ ಮೇಡಂ ಮನಿಗೆ ಹೋದೆ. ಕಾಲೇಜಿನ್ಯಾಗ ನನಗ ಇಂಗ್ಲಿಷ್ ಕಲಿಸಿದಾವರು. ನಿಂತಲ್ಲೇ ಓದಿದ್ರು. ಐದು ನಿಮಿಷ ಹಿಡೀತು ಅಷ್ಟ. ‘ಉಜ್ಮಾ, ಇದು ಫೌಜಿನ ಕರಾರು. ಆರನೇ ಹಾಳ್ಯಾಗ ಸ್ಪಷ್ಟ ಬರದಾರ, ಯುದ್ಧದ ಜಾಗಾಕ್ಕ ಕಳಸ್ತೇವಿ ಅಂತ. ಸಹಿ ಮಾಡೂಕಿಂತ ಮೊದಲ ಯಾಕ ತರಲಿಲ್ಲ?’ ಅಂದ್ರು.

ಅವರ ಮನಿ ನಮ್ಮ ಮನಿಯಿಂದ ಆಟೋದಾಗ ಹದಿನೈದು ನಿಮಿಷ, ಅರಫಾತ.

ಅವರ ಮೋಸಾ ಮಾಡ್ಯಾರ ಅಂತ ನೀ ಬರದಿದ್ದಿ. ಅವರು ಕಾಗದದಾಗ ಬರದಿದ್ರು. ನಾ ಓದಿರ್ಲಿಲ್ಲ. ನಿನ್ನ ಜೋಡಿ ಗೌಸ್ ಭಾಯೀನ್ನೂ ನಾನ ಕಳಿಸೇನಿ.

ಉಜ್ಮಾ

•

ದಿಲ್ಲಿ
21 ಜುಲೈ 2025

ಆಪಾ,

ಈ ಪತ್ರ ಯಾರೂ ತಗದು ಓದಾಂಗಿಲ್ಲ. ನಾನ ಲಕೋಟಿ ಅಂಟಿಸೇನಿ.

ಮೂರು ಸಲ ಫೋನಿನ್ಯಾಗ ಮಾತಾಡಿದೆ. ಕೈದಿಗಳ ಅದಲಾಬದಲಿಯೊಳಗ ಬಿಟ್ಟಾರ, ದಿಲ್ಲಿಗೆ ಬಂದೇನಿ, ತೂಕಾ ಕಮ್ಮಿ ಆಗೇತಿ, ಔಷಧ ನಡದೈತಿ ಅಂತ ಹೇಳಿದೆ. ಅಮ್ಮಾ ಪ್ರತಿ ಸಲಾ ‘ಯಾವಾಗ ಬರ್ತಿ?’ ಅಂದ್ಲು, ನೀ ಪ್ರತಿ ಸಲಾ ‘ಗೌಸ್ ಭಾಯಿ?’ ಅಂದಿ. ನಾ ಪ್ರತಿ ಸಲಾ ಫೋನ್ ಇಟ್ಟೆ. ಔಷಧ ಮುಗದು ಹನ್ನೆರಡು ದಿನ ಆತು. ನನ್ನ ಜೋಡಿ ಬಿಡುಗಡಿ ಆದಾವರೆಲ್ಲಾ ತಮ್ಮತಮ್ಮ ಊರಿಗೆ ಹೋದ್ರು.

ನಮ್ಮನ್ನ ಹಿಡದಾಗ ಗುಂಡೂ ಹಾರಲಿಲ್ಲ. ಇಬ್ಬರೂ ಒಂದು ನೆಲಮನ್ಯಾಗ ನೀರಿಲ್ಲದ ಕುಂತಿದ್ವಿ. ಅವರು ಬಂದು ಕೈ ಎತ್ತು ಅಂದ್ರು, ಎತ್ತಿದ್ವಿ. ಗೌಸ್ ಭಾಯಿ ನನ್ನ ಕಿವ್ಯಾಗ ‘ಇನ್ನ ಬಂದೂಕ ಹೊರೂದು ತಪ್ಪಿತು, ಛಲೋ ಆತು’ ಅಂದ್ರು.

ಶಿಬಿರ ಅಂದ್ರ ಒಂದು ಹಳೇ ಕಾರಖಾನಿ. ಐದು ನೂರು ಮಂದಿ ಇದ್ವಿ. ದಿನಾ ಮುಂಜಾನೆ ಎಣಸ್ತಿದ್ರು, ಲಾರಿ ತುಂಬಸ್ತಿದ್ರು. ಬಾಂಬ್ ಬಿದ್ದು ಕುಸಿದ ಕಟ್ಟಡದ ಕಾಂಕ್ರೀಟ್ ಒಡದು ಹೊರಬೇಕು. ರೈಲಿನಿಂದ ಸಿಮೆಂಟ್ ಚೀಲಾ ಇಳಸಬೇಕು. ಚಳಿಗಾಲದಾಗ ಕಲ್ಲಿನಂಗಾದ ನೆಲಾ ಅಗೀಬೇಕು. ಬ್ಯಾಡ ಅಂದ್ರ ಅವತ್ತು ಊಟಾ ಇಲ್ಲ. ಮೊದಲ ತಿಂಗಳು ಇಬ್ಬರೂ ಅದನ್ನ ಮಾಡಿದ್ವಿ. ಅವರು ಒಂದು ತುದಿ ಹಿಡದ್ರ ನಾ ಒಂದು ತುದಿ.

ಆಗಸ್ಟ್ ಕಡೀ ವಾರದಾಗ ಒಬ್ಬ ಸಾಹೇಬ ಬಂದ. ನಾ ಅಷ್ಟರಾಗ ಅವರ ಮಾತು ಸ್ವಲ್ಪ ಕಲ್ತಿದ್ದೆ. ಗೌಸ್ ಭಾಯಿಗೆ ಒಂದು ಅಕ್ಷರಾನೂ ಬರ್ತಿರ್ಲಿಲ್ಲ, ಎಲ್ಲಾ ನನ್ನ ಕೇಳ್ತಿದ್ರು. ಸಾಹೇಬ ನಮ್ಮಿಬ್ಬರ ಮುಂದ ನಿಂತು, ‘ನೀವಿಬ್ಬರೂ ಮಿಸ್ತ್ರಿ ಅಂತ ಕೇಳೇನಿ. ಗ್ಯಾರೇಜಿಗೆ ಒಬ್ಬ ಸಾಕು. ಯಾರು ಛಲೋ ಮಿಸ್ತ್ರಿ?’ ಅಂದ.

ಗೌಸ್ ಭಾಯಿ ನನ್ನ ಮಾರಿ ನೋಡಿ ‘ಏನಂತಾನ?’ ಅಂದ್ರು.

ನಾ ಸಾಹೇಬಗ ‘ನಾನು. ಇಂವಾ ಬರೇ ಸಾಮಾನು ಎತ್ತಿಕೊಡಾಂವ’ ಅಂದೆ. ಗೌಸ್ ಭಾಯಿಗೆ ‘ಏನಿಲ್ಲ ಉಸ್ತಾದ, ಕೆಲಸಾ ಹಂಚಾಕತ್ತಾನ’ ಅಂದೆ.

ಆಪಾ, ಇಂಜಿನ್ ಸಪ್ಪಳಾ ಕೇಳಿ ಯಾವ ನಟ್ಟು ಸಡಲಾಗೇತಿ ಅಂತ ಹೇಳೂ ಮನಷಾ ಅಂವ. ಅವರಿಗೆ ಹತ್ತರಷ್ಟು ಬರ್ತಿದ್ರ ನನಗ ಎರಡರಷ್ಟು ಬರ್ತೈತಿ. ಅವರಿಗೆ ನಲವತ್ತೆರಡು, ನನಗ ಇಪ್ಪತ್ನಾಕು. ಕಾಂಕ್ರೀಟ್ ಹೊರಬೇಕಾದ ಬೆನ್ನು ನಂದಿತ್ತು.

ನಾ ಒಲಿ ಮುಂದ ಕೆಲಸಾ ಮಾಡಿದೆ. ಅವರು ಮುಂಜಾನೆ ಲಾರಿ ಹತ್ತಿ ಸಂಜಿಗೆ ಬರ್ತಿದ್ರು. ಬೆರಳು ಒಡದು ಕೈ ಮುಷ್ಟಿ ಆಗ್ತಿರ್ಲಿಲ್ಲ. ಒಂದಿನ ಒಂದು ಜನರೇಟರ್ ನನ್ನ ಕೈಲೆ ಚಾಲೂ ಆಗಲಿಲ್ಲ. ಸಂಜೀಕ ಅವರನ್ನ ಕೇಳಿದೆ. ಕಣ್ಣು ಮುಚ್ಚಿ ಕುಂತು ‘ಹೊಗಿ ಯಾವ ಬಣ್ಣ?’ ಅಂದ್ರು. ಹೇಳಿದೆ. ‘ನಾಝಲ್ ತಗದು ತೊಳಿ’ ಅಂದ್ರು. ಮರುದಿನ ಚಾಲೂ ಆತು. ಸಾಹೇಬ ಖುಷಿಯಾಗಿ ಒಂದು ಪೂರಾ ಬ್ರೆಡ್ ಕೊಟ್ಟ. ಅರ್ಧಾ ಅವರಿಗೆ ಕೊಟ್ಟೆ. ಅರ್ಧಾ ನಾ ತಿಂದೆ.

ಜನವರಿಯೊಳಗ ಅವರಿಗೆ ಜ್ವರಾ ಬಂತು. ಎದಿಯೊಳಗ ಗರಗರ ಅನ್ನೂ ಸಪ್ಪಳಾ. ಆದ್ರೂ ಲಾರಿ ಹತ್ತಿಸ್ತಿದ್ರು. ‘ಅರಫಾತ, ನಿಮ್ಮ ಸಾಹೇಬಗ ಹೇಳು, ನನಗೂ ಈ ಕೆಲಸಾ ಬರ್ತೈತಿ ಅಂತ. ಹತ್ತು ದಿನ ಒಳಗ ಕುಂದರಿಸಿದ್ರ ಸಾಕು, ಎದ್ದ ನಿಲ್ತೇನಿ’ ಅಂದ್ರು. ಹೇಳ್ತೇನಿ ಅಂದೆ. ಹೇಳಲಿಲ್ಲ. ಹೇಳಿದ್ರ, ಆಗ ಯಾಕ ಸುಳ್ಳ ಹೇಳಿದಿ ಅಂತ ಸಾಹೇಬ ಕೇಳ್ತಿದ್ದ. ನನ್ನ ಹೊರಗ ಹಾಕ್ತಿದ್ದ. ಮರುದಿನ ಮತ್ತ ಕೇಳಿದ್ರು. ‘ಹೇಳೇನಿ, ಆಗಾಂಗಿಲ್ಲ ಅಂದ’ ಅಂದೆ.

ಅವರು ‘ಆ ದಿನ ಸಾಹೇಬ ಕೇಳಿದ ಮಾತು ನನಗ ಈಗ ತಿಳೀತು. ಈ ನಾಕು ತಿಂಗಳಾಗ ನಾನೂ ನಾಕು ಶಬ್ದ ಕಲ್ತೇನಿ’ ಅಂದ್ರು. ಅಷ್ಟ ಅಂದು ಗ್ವಾಡಿ ಕಡೆ ಹೊಳ್ಳಿ ಮಲಗಿದ್ರು. ನನ್ನ ಜೋಡಿ ಮತ್ತ ಮಾತಾಡಲಿಲ್ಲ.

ಮೂರನೇ ದಿನ ತೀರ್ಕೊಂಡ್ರು. ನಾ ಫೆಬ್ರವರಿಯೊಳಗ ‘ಕಟ್ಟಡಾ ಬ್ಯಾರೆ’ ಅಂತ ಬರದಾಗ ಅವರು ಮಣ್ಣಾಗಿ ಒಂದು ತಿಂಗಳಾಗಿತ್ತು.

ನಿನ್ನ ಏಪ್ರಿಲ್ ಪತ್ರ ಬಿಡುಗಡಿಗಿಂತ ಹದಿನೈದು ದಿನ ಮೊದಲ ಮುಟ್ಟಿತು. ‘ನೀ ಓದಿದ್ರೂ ನಾ ಹೋಗ್ತಿದ್ದೆ, ಮನಸ್ಸಿಗೆ ಹಚ್ಕೋಬ್ಯಾಡ’ ಅಂತ ಬರೀಬೇಕು ಅಂದ್ಕೊಂಡೆ. ಅದು ಸುಳ್ಳಾಗ್ತೈತಿ. ನೀ ಬ್ಯಾಡ ಅಂದಿದ್ರ ನಾ ಹೋಗ್ತಿರ್ಲಿಲ್ಲ. ಆದ್ರ ನಿನ್ನ ತಪ್ಪು ಹೆಬ್ಬಳ್ಳಿ ಮನಿತನಕಾ ಒಯ್ದಾಂವ ನಾನು. ಅಲ್ಲಿಂದ ಮುಂದಿಂದು ಎಲ್ಲಾ ನಂದು.

ನೀ ಹೋಗಿ ಭಾಭಿಗೆ ಹೇಳು. ಅವರ ಮುಂದ ನಿಲ್ಲಾಕ ನನ್ನ ಕೈಲೆ ಆಗಾಂಗಿಲ್ಲ. ನಾ ಹುಬ್ಬಳ್ಳಿಗೂ ಬರಾಂಗಿಲ್ಲ. ಇಲ್ಲೇ ಒಂದು ಗ್ಯಾರೇಜಿನ್ಯಾಗ ಕೆಲಸಾ ಕೇಳೇನಿ.

ಅರಫಾತ

•

ಹಳೇ ಹುಬ್ಬಳ್ಳಿ
10 ಆಗಸ್ಟ್ 2025

ಅರಫಾತ,

ನಿನ್ನ ಪತ್ರ ಮುಟ್ಟಿ ಹತ್ತು ದಿನ ನಾ ಅದನ್ನ ಬ್ಯಾಗಿನ್ಯಾಗ ಇಟ್ಕೊಂಡು ಸಾಲಿಗೆ ಹೋದೆ, ಬಂದೆ. ಅಮ್ಮಾಗ ಹೇಳಲಿಲ್ಲ. ನಿನ್ನೆ ಹೆಬ್ಬಳ್ಳಿಗೆ ಹೋದೆ.

ಗುಲ್ನಾಜ ಆಜೂಬಾಜೂದವರ ಮನ್ಯಾಗ ಆಡಾಕ ಹೋಗಿದ್ಲು. ಭಾಭಿ ನನ್ನ ಮಾರಿ ನೋಡಿದ ಕೂಡ್ಲೆ ಕೈಯಾಗಿನ ಕೆಲಸಾ ಬದೀಗಿಟ್ಟು ಬಾಗಲಾ ಹಾಕಿದ್ರು. ‘ಹೇಳ್ರಿ’ ಅಂದ್ರು.

ಮೊದಲ ನಂದು ಹೇಳಿದೆ. ‘ಭಾಭಿ, ನಾ ಆ ಕಾಗದ ಓದಿರ್ಲಿಲ್ಲ. ನನಗ ತಿಳೀಲಿಲ್ಲ. ತಿಳೀಲಿಲ್ಲಂತ ಹೇಳಾಕ ನಾಚಿಕಿ ಆತು’ ಅಂದೆ.

‘ಓದಾಕ ಬರಲಿಲ್ಲ ಅಂತ ಹೇಳಾಕ ಏನಾಗಿತ್ರಿ ಟೀಚರ್ರ? ನಮಗ ಯಾರಿಗೂ ಇಂಗ್ಲಿಷ್ ಬರಾಂಗಿಲ್ಲ. ನಾವೇನ ದಿನಾ ನಾಚಿಕೋತ ಅಡ್ಡಾಡ್ತೀವೇನು?’ ಅಂದ್ರು.

ಆಮ್ಯಾಲ ನಿನ್ನ ಪತ್ರ ಪೂರಾ ಓದಿ ಹೇಳಿದೆ. ಒಂದು ಸಾಲೂ ಬಿಡಲಿಲ್ಲ, ಮೆತ್ತಗ ಮಾಡಲಿಲ್ಲ. ‘ಮೂರನೇ ದಿನ’ ಅನ್ನೂ ಸಾಲಿಗೆ ಅವರು ಕೈ ಎತ್ತಿ ನಿಲ್ಲಿಸಿದ್ರು.

‘ಯಾವ ತಾರೀಖು?’

ನೀ ಬರದಿಲ್ಲ, ಅರಫಾತ. ನನಗ ಗೊತ್ತಿರ್ಲಿಲ್ಲ.

‘ತಾರೀಖು ಬೇಕ್ರಿ ನನಗ’ ಅಂದ್ರು. ‘ನಾ ಇದ್ದತ್ ಕುಂದರಬೇಕೋ ಬ್ಯಾಡೋ?’ ಬುರ್ಖಾ ಹಾಕ್ಕೊಂಡು ನನ್ನ ಕರಕೊಂಡ ಸೀದಾ ಮಸೂತಿ ಹಂತೇಕ ಮೌಲಾನಾ ಅವರ ಮನಿಗೆ ಹೋದ್ರು. ಅವರು ಲೆಕ್ಕಾ ಹಾಕಿ, ‘ಗಂಡ ತೀರಿದ ದಿನದಿಂದ ನಾಕು ತಿಂಗಳಾ ಹತ್ತು ದಿನಾ ಮನಿ ಹಿಡದು ಕುಂದರೂದು ಮಗಳ. ಜನವರಿ ಅಂದ್ರ ಮೇ ಕಡೀಕ ಮುಗದು ಹೋಗೇತಿ. ಈಗ ಕುಂದರೂದಿಲ್ಲ’ ಅಂದ್ರು.

ಹೊಳ್ಳಿ ಬರೂಮುಂದ ದಾರ್ಯಾಗ ಭಾಭಿ ನಿಂತಬಿಟ್ರು. ‘ಏಪ್ರಿಲ್ ತಿಂಗಳದಾಗ ನನ್ನ ತಂಗಿ ಆರ್ಜೂಂದು ಲಗ್ನ ಇತ್ತು. ಮೆಹಂದಿ ಹಚ್ಚಿಕೊಂಡಿದ್ದೆ. ಕೈತುಂಬ ಹಸರ ಬಳಿ ಹಾಕ್ಕೊಂಡು ಹಾಡಾ ಹಾಡೇನಿ. ನಗತಿದ್ದೆ ಟೀಚರ್ರ. ಅವರು ಮಣ್ಣಾಗ ಇದ್ರು, ನಾ ನಗತಿದ್ದೆ. ನನ್ನ ಗಂಡನ ಸಲುವಾಗಿ ನಾ ಕುಂದರಬೇಕಾದ ದಿನಾ ಸೈತ ನಿಮ್ಮ ತಮ್ಮ ಕಸಗೊಂಡ’ ಅಂದ್ರು. ಅಷ್ಟ ಹೊತ್ತು ಗಟ್ಟಿ ಇದ್ದಾವರು ಆವಾಗ ರಸ್ತಾದ ಮ್ಯಾಲ ಕುಂತು ಅತ್ರು.

ಬಸ್ಸು ಬಂದಾಗ ಇಷ್ಟ ಅಂದ್ರು: ‘ಪತ್ರ ಬರದು ಅಕ್ಕನ್ನ ಕಳಿಸಿದ್ರ ನಡಿಯಾಂಗಿಲ್ಲ. ಅವ ಬರಬೇಕು. ನನ್ನ ಮಗಳ ಮುಂದ ಅವ ಹೇಳಬೇಕು.’

ನೀ ಬರಾಂಗಿಲ್ಲ ಅಂದಿ. ‘ಬಾ’ ಅನ್ನೂ ಹಕ್ಕು ನನಗ ಇಲ್ಲ. ನಿನ್ನ ಜೋಡಿ ಬರ್ತೇನಿ ಅಂದ್ರ ಅದೂ ಮತ್ತ ನನ್ನ ಸಮಾಧಾನಕ್ಕ. ಅದಕ್ಕ ಅವರು ಹೇಳಿದ್ದನ್ನ ಹೇಳಿದಾಂಗ ಬರದೇನಿ. ತಾರೀಖು ಮಾತ್ರ ಈ ಪತ್ರ ಮುಟ್ಟಿದ ಕೂಡ್ಲೆ ಫೋನ್ ಮಾಡಿ ಹೇಳು. ನನಗಲ್ಲ, ಭಾಭಿಗೆ. ನಂಬರು ಕೆಳಗ ಬರದೇನಿ.

ಉಜ್ಮಾ

•

ಹೆಬ್ಬಳ್ಳಿ
29 ಆಗಸ್ಟ್ 2025, ಶುಕ್ರವಾರ

ಉಜ್ಮಾ ಟೀಚರಿಗೆ ರಾಜಬಿ ಸಲಾಮು.

ನಾ ಐದನೇತ್ತಾ ಕಲ್ತಾಕಿ. ತಪ್ಪ ಇದ್ರ ತಿದ್ದಬ್ಯಾಡ್ರಿ. ಹಂಗ ಓದ್ರಿ.

ನಿಮ್ಮ ತಮ್ಮ ಫೋನ್ ಮಾಡಿದ್ದ. ಜನವರಿ ಹತ್ತೊಂಬತ್ತು, ಐತವಾರ ಅಂದ. ಅಷ್ಟ ಹೇಳಿ ಫೋನ್ ಇಟ್ಟ. ಇವತ್ತ ಮುಂಜಾನೆ ಬಂದ. ಧಾರವಾಡದಾಗ ರೈಲ ಇಳದು ಸೀದಾ ಬಂದೇನಿ, ಮನಿಗೆ ಹೋಗಿಲ್ಲ ಅಂದ. ನನಗ ಗುರುತ ಸಿಗಲಿಲ್ಲ. ಮುದುಕರಂಗ ಆಗ್ಯಾನ. ಹೊರಗ ಕಟ್ಟಿ ಮ್ಯಾಲ ಕುಂತ. ನಾ ಒಳಗ ಬಾ ಅನಲಿಲ್ಲ.

ಗುಲ್ನಾಜನ್ನ ಕರದು ನನ್ನ ಬಾಜೂ ಕುಂದರಿಸಿಕೊಂಡೆ. ಹೇಳು ಅಂದೆ. ಎಲ್ಲಾ ಹೇಳಿದ. ಜ್ವರಾ ಬಂದಾಗ ಅವರು ಏನ ಕೇಳಿದ್ರು ಅಂತ ನಾ ಮೂರ ಸಲ ಕೇಳಿದೆ. ಮೂರ ಸಲಾನೂ ಅದನ್ನ ಹೇಳಿದ. ನಾ ಹೇಳಲಿಲ್ಲ ಭಾಭಿ, ಹೇಳೇನಿ ಅಂತ ಸುಳ್ಳ ಹೇಳಿದೆ ಅಂದ. ತಪ್ಪಿಸಿಕೊಳ್ಳಲಿಲ್ಲ.

ಗುಲ್ನಾಜ ನಮ್ಮ ಅಬ್ಬಾನ್ನ ಮಣ್ಣ ಮಾಡಿದ್ದು ನೀ ನೋಡಿಯೇನು ಅಂದ್ಲು. ಕಬರ್ ನಾನ ತೋಡೇನಿ ಅಂದ. ಆ ಸಾಹೇಬನ ಕಾಲ ಬಿದ್ದು ಗ್ಯಾರೇಜಿನ ಕೆಲಸಾ ಒಂದಿನ ಬಿಟ್ಟು ಹೋಗಿದ್ನಂತ. ನೆಲಾ ಕಲ್ಲಾಗಿತ್ತಂತ. ಮುಂಜಾನೆ ಚಾಲೂ ಮಾಡಿದ್ರ ಮಧ್ಯಾಹ್ನ ಆತಂತ. ಬ್ಯಾರೆ ದೇಶದ ಇಬ್ಬರು ಮುಸಲ್ಮಾನರು ಜನಾಜಾದ ನಮಾಜಿಗೆ ನಿಂತ್ರಂತ. ಎಷ್ಟ ಆಳಾ ತೋಡಿದಿ ಅಂದ್ಲು ನನ್ನ ಮಗಳು. ನನ್ನ ಎದಿಮಟಾ ಅಂದ.

ಮಾಫ ಮಾಡ್ರಿ ಅಂತ ಅವ ಕೇಳಲಿಲ್ಲ. ಮಾಡೇನಿ ಅಂತ ನಾ ಅನಲಿಲ್ಲ. ಅನ್ನೂ ದಿನ ಬರ್ತೈತೋ ಇಲ್ಲೋ ಗೊತ್ತಿಲ್ಲ. ನಿಮಗೂ ಅದ ಮಾತು. ಬರದೇನಿ, ಬ್ಯಾಸರಾ ಮಾಡ್ಕೋಬ್ಯಾಡ್ರಿ.

ಎದ್ದು ಹೊಂಟಾಗ ಎಲ್ಲಿಗೆ ಅಂದೆ. ಸಂಜಿ ರೈಲಿಗೆ ಹೊಳ್ಳಿ ದಿಲ್ಲಿಗೆ ಅಂದ. ಆವಾಗ ನನಗ ಸಿಟ್ಟ ಬಂತು. ಅಲ್ಲೀತನಕಾ ಬಂದಿರ್ಲಿಲ್ಲ. ನನ್ನ ಗಂಡಗ ಹೊಳ್ಳಿ ಬರಾಕ ಆಗಲಿಲ್ಲ, ಬರಾಕ ಆಗೂವಂತಾ ನೀ ಮನಿಗೆ ಹೋಗಲಿಲ್ಲಂದ್ರ ಯಾರಿಗೇನ ಬಂತು, ನಿಮ್ಮವ್ವ ಏನ ತಪ್ಪ ಮಾಡ್ಯಾಳ, ಆಕೀನ್ನೂ ನನ್ನಂಗ ಕಾಯಾಕ ಹಚ್ಚತಿಯೇನು ಅಂದೆ. ಓಣಿ ಮಂದಿ ಹೊರಗ ಬಂದ್ರು, ಅಷ್ಟ ಒದರಿದೆ. ಅವ ನಿಂತಲ್ಲೇ ನಿಂತ.

ಅವನ ಮಾತು ನಾ ನಂಬೂದಿಲ್ಲ. ಅದಕ್ಕ ಅವನ್ನ ಕಟ್ಟಿ ಮ್ಯಾಲ ಕುಂದರಿಸಿ ಗುಲ್ನಾಜನ ಸಾಲಿ ಪಟ್ಟಿ ಹಾಳಿ ಹರದು ಇದನ್ನ ಬರದೇನಿ. ಇದನ್ನ ನಿನ್ನ ಕೈಲೆ ನಿಮ್ಮಕ್ಕಗ ಮುಟ್ಟಸು, ಇಷ್ಟಾದ್ರೂ ಖರೇ ಮಾಡು ಅಂತ ಹೇಳಿ ಕಳಸಾಕತ್ತೇನಿ.

ನೀವು ಇದನ್ನ ಓದಾಕತ್ತೀರಿ ಅಂದ್ರ ಅವ ನಿಮ್ಮ ಬಾಗಲದಾಗ ನಿಂತಾನ. ನಾ ಒಳಗ ಕರೀಲಿಲ್ಲ. ನೀವು ಕರೀರಿ.

ರಾಜಬಿ